ಬಾಬ್ ವಿಲ್ಸ್

ಬಾಬ್ ವಿಲ್ಸ್ (ಮಾರ್ಚ್ 6, 1905 – ಮೇ 13, 1975) ಅಮೆರಿಕದ ಕಂಟ್ರಿ ಸಂಗೀತದ ಗಾಯಕರು, ಪಿಟೀಲುವಾದಕರು ಹಾಗೂ ನೈಟ್‌ಕ್ಲಬ್ ಒಡೆಯರು. ಗ್ರಾಮೀಣ ಪಿಟೀಲುವಾದನಕ್ಕೆ ಜಾಝ್ ಮತ್ತು ಬ್ಲೂಸ್ ಲಯಗಳನ್ನು ಬೆಸೆದ ‘ವೆಸ್ಟರ್ನ್ ಸ್ವಿಂಗ್’ ಶೈಲಿಯ ಪ್ರವರ್ತಕರಲ್ಲಿ ಇವರು ಪ್ರಮುಖರು.

ಬಾಲ್ಯ

ಟೆಕ್ಸಾಸ್ ರಾಜ್ಯದ ಕೃಷಿಕ ಕುಟುಂಬವೊಂದರಲ್ಲಿ ಜನಿಸಿದರು. ತಂದೆಯೂ ಪಿಟೀಲುವಾದಕರು. ಹತ್ತಿಯ ಹೊಲಗಳಲ್ಲಿ ಜೊತೆಯಾಗಿ ದುಡಿಯುತ್ತಿದ್ದ ಆಫ್ರಿಕನ್ ಅಮೆರಿಕನ್ ಕೂಲಿಕಾರರಿಂದ ಬ್ಲೂಸ್ ಸಂಗೀತವನ್ನು ಕಲಿತರು. ಯೌವನದಲ್ಲಿ ಕ್ಷೌರಿಕ ವೃತ್ತಿಯ ಜೊತೆಗೆ ನೃತ್ಯಕೂಟಗಳಲ್ಲಿ ಪಿಟೀಲು ನುಡಿಸುತ್ತಿದ್ದರು.

ಸಂಗೀತ ಜೀವನ

1933ರಲ್ಲಿ ‘ಟೆಕ್ಸಾಸ್ ಪ್ಲೇಬಾಯ್ಸ್’ ವಾದ್ಯವೃಂದವನ್ನು ಕಟ್ಟಿ, ಮರುವರ್ಷ ಒಕ್ಲಹೋಮ ರಾಜ್ಯದ ಟಲ್ಸಾ ನಗರದಲ್ಲಿ ನೆಲೆಸಿದರು. ಅಲ್ಲಿನ ಬಾನುಲಿ ಪ್ರಸಾರಗಳು ಇವರ ಹೆಸರನ್ನು ದೂರದೂರಕ್ಕೆ ತಲುಪಿಸಿದವು. ಕಂಟ್ರಿ ಸಂಗೀತದಲ್ಲಿ ಅಪರೂಪವಾಗಿದ್ದ ಡ್ರಮ್, ಟ್ರಂಪೆಟ್ ಮತ್ತು ಸ್ಯಾಕ್ಸೊಫೋನ್‌ಗಳನ್ನು ಧೈರ್ಯದಿಂದ ಬಳಸಿದರು. 1940ರಲ್ಲಿ ಧ್ವನಿಮುದ್ರಿತವಾದ ‘ನ್ಯೂ ಸ್ಯಾನ್ ಆಂಟೋನಿಯೊ ರೋಸ್’ ಇವರಿಗೆ ಅಪಾರ ಕೀರ್ತಿಯನ್ನು ತಂದಿತು.

ನೈಟ್‌ಕ್ಲಬ್ ಮತ್ತು ನಷ್ಟ

1950ರಲ್ಲಿ ಡಲ್ಲಾಸ್ ನಗರದಲ್ಲಿ ‘ಬಾಬ್ ವಿಲ್ಸ್ ರಾಂಚ್ ಹೌಸ್’ ಎಂಬ ವಿಶಾಲವಾದ ನೈಟ್‌ಕ್ಲಬ್ ಆರಂಭಿಸಿದರು. ಆಡಳಿತವನ್ನು ಇತರರಿಗೆ ವಹಿಸಿದ್ದರಿಂದ ವ್ಯವಹಾರ ಹದಗೆಟ್ಟು, ಸಾಲ ಮತ್ತು ತೆರಿಗೆ ಬಾಕಿ ಬೆಳೆದವು. ಅದನ್ನು ತೀರಿಸಲು ಕ್ಲಬ್ಬನ್ನು ಮಾತ್ರವಲ್ಲದೆ, ತಮಗೆ ಕೀರ್ತಿ ತಂದ ಆ ಗೀತೆಯ ಹಕ್ಕನ್ನೂ ಮಾರಬೇಕಾಯಿತು. ಸಾಲದ ಹೊರೆಯಿಂದಾಗಿ ಅವರ ಸಂಚಾರದ ದುಡಿಮೆ ನಿಲ್ಲಲಿಲ್ಲ.

ಕೊನೆಯ ವರ್ಷಗಳು

1960ರ ದಶಕದಲ್ಲಿ ಎರಡು ಬಾರಿ ಹೃದಯಾಘಾತವಾಯಿತು. 1968ರಲ್ಲಿ ‘ಕಂಟ್ರಿ ಮ್ಯೂಸಿಕ್ ಹಾಲ್ ಆಫ್ ಫೇಮ್’ ಗೌರವ ಸಂದಿತು. ಮರುವರ್ಷವೇ ಪಾರ್ಶ್ವವಾಯು ಬಡಿಯಿತು. 1973ರ ಡಿಸೆಂಬರ್‌ನಲ್ಲಿ ಗಾಲಿಕುರ್ಚಿಯಲ್ಲಿ ಕುಳಿತೇ ಹಳೆಯ ಸಂಗಡಿಗರೊಡನೆ ಧ್ವನಿಮುದ್ರಣಕ್ಕೆ ಬಂದರು. ಆಗಲೇ ಮತ್ತೊಮ್ಮೆ ಪಾರ್ಶ್ವವಾಯುವಿಗೆ ತುತ್ತಾದರು. ಉಳಿದ ಗೀತೆಗಳನ್ನು ಸಂಗಡಿಗರೇ ಪೂರ್ಣಗೊಳಿಸಿದರು. 1975ರಲ್ಲಿ ಫೋರ್ಟ್‌ವರ್ತ್ ನಗರದಲ್ಲಿ ನಿಧನರಾದರು.