ಬೆಳಕಿಗೆ ತಾಳ ಹಾಕಿದಾತ

ಚಲನಚಿತ್ರವೆಂದೊಡನೆ ನಾವು ಕಥೆಯನ್ನು ಹುಡುಕುತ್ತೇವೆ. ಕಥೆಯೂ ನಟರೂ ಇಲ್ಲದೆ, ಬರಿಯ ಬಣ್ಣ-ಬೆಳಕುಗಳ ಲಯವನ್ನೇ ನೆಚ್ಚಿ ಬಾಳಿದ ಆಸ್ಕರ್ ಫಿಷಿಂಗರನ ವಿಷಯವಾಗಿ ನಾನಿಲ್ಲಿ ಹೇಳಬಯಸುತ್ತೇನೆ.

ಈತನು 1900ರಲ್ಲಿ ಜರ್ಮನಿಯ ಗೆಲ್ನ್‌ಹೌಸೆನ್‌ನಲ್ಲಿ ಜನಿಸಿದನು. ಹುಡುಗನಾಗಿದ್ದಾಗ ಆರ್ಗನ್ ವಾದ್ಯ ತಯಾರಿಸುವವರಲ್ಲಿ ಕೆಲಸ ಕಲಿತು, ಮುಂದೆ ಎಂಜಿನಿಯರನಾದನು. ಬಳಿಕ ಬರ್ಲಿನ್ನಿನಲ್ಲಿ, ಕಾಗದದ ಮೇಲೆ ಇದ್ದಲಿನಿಂದ ಸಾವಿರಾರು ಚಿತ್ರ ಬರೆದು, ಗ್ರಾಮಫೋನಿನ ಸಂಗೀತಕ್ಕೆ ಗೆರೆಗಳನ್ನು ಕುಣಿಸಿದನು. ನಾಜಿಗಳಿಗೆ ಇಂಥ ಕಲೆ ಸೇರದು. 1936ರಲ್ಲಿ ಹಾಲಿವುಡ್ಡಿಗೆ ಹೊರಟುಹೋದನು. ಅಲ್ಲಿಯೂ ನೆಮ್ಮದಿಯಿಲ್ಲ. ಡಿಸ್ನಿಯ 'ಫ್ಯಾಂಟೇಸಿಯಾ'ಕ್ಕೆ ಈತ ರಚಿಸಿದ ಆಕಾರಗಳನ್ನು ಇತರರು ಬದಲಾಯಿಸಿದರು. 1939ರಲ್ಲಿ ಆ ಕೆಲಸವನ್ನೇ ಬಿಟ್ಟನು. ಸಂಸಾರಸ್ಥನಿಗೆ ಇದು ಸಣ್ಣ ಮಾತಲ್ಲ.

1947ರ 'ಮೋಷನ್ ಪೇಂಟಿಂಗ್ ನಂ. 1' ನನಗೆ ಎಲ್ಲಕ್ಕಿಂತ ಹಿರಿದಾಗಿ ಕಾಣುತ್ತದೆ. ಗಾಜಿನಂಥ ಪ್ಲಾಸ್ಟಿಕ್ ಹಲಗೆಯ ಮೇಲೆ ಎಣ್ಣೆಬಣ್ಣದ ಒಂದೊಂದು ಗೀಟು ಎಳೆದಾಗಲೂ ಕ್ಯಾಮರಾದಿಂದ ಒಂದೊಂದು ಚಿತ್ರ ತೆಗೆದನು. ತಿಂಗಳುಗಟ್ಟಲೆ ದುಡಿದುದು ಬಾಖನ ಸಂಗೀತದೊಡನೆ ಸುಮಾರು 11 ನಿಮಿಷ ಓಡುತ್ತದೆ. ಸುರುಳಿ ಬಿಚ್ಚುತ್ತದೆ, ಚೌಕ ಬೆಳೆಯುತ್ತದೆ. ಯಾವುದೂ ಯಾವುದರ ಚಿತ್ರವೂ ಅಲ್ಲ. ಹಣ ಕೊಟ್ಟಿದ್ದ ಗುಗೆನ್‌ಹೈಮ್ ಪ್ರತಿಷ್ಠಾನದ ಹಿಲ್ಲಾ ರೀಬೇಗೇ ಅದು ಹಿಡಿಸಲಿಲ್ಲ. ಅಂಥ ಇನ್ನೊಂದು ಚಿತ್ರಕ್ಕೆ ಹಣ ಹುಟ್ಟಲಿಲ್ಲ. 1967ರಲ್ಲಿ ತೀರಿಕೊಳ್ಳುವವರೆಗೆ ಈತ ಕ್ಯಾನ್ವಾಸಿನ ಮೇಲೆ ಚಿತ್ರ ಬರೆಯುತ್ತಿದ್ದನು.