ಉತ್ತರದ ಕನಸು, ದಕ್ಷಿಣದ ಗೆಲುವು: ಎರಡು ಧ್ರುವಗಳ ನಡುವೆ ಅಮುಂಡ್ಸೆನ್

1911ರ ಡಿಸೆಂಬರ್ 14ರಂದು ಭೂಮಿಯ ದಕ್ಷಿಣ ತುದಿಯಲ್ಲಿ ಐವರು ನಾರ್ವೇಜಿಯನ್ನರು ತಮ್ಮ ರಾಷ್ಟ್ರಧ್ವಜ ನೆಟ್ಟರು. ಅಲ್ಲಿಯವರೆಗೆ ಮನುಷ್ಯರಾರೂ ಕಾಲಿಡದ ಸ್ಥಳವದು. ಧ್ವಜದ ಕೋಲಿಗೆ ಐವರೂ ಒಟ್ಟಿಗೆ ಕೈಹಚ್ಚಿದರು. ತಂಡದ ನಾಯಕ ರೋಆಲ್ಡ್ ಅಮುಂಡ್ಸೆನ್‌ಗೆ ಆಗ 39 ವರ್ಷ. ಬಾಲ್ಯದಿಂದ ಆತ ಹಂಬಲಿಸಿದ್ದು ಉತ್ತರ ಧ್ರುವಕ್ಕಾಗಿ. ಗೆದ್ದು ನಿಂತದ್ದು ಅದಕ್ಕೆ ನೇರ ವಿರುದ್ಧವಾದ ತುದಿಯಲ್ಲಿ. ಈ ವಿಪರ್ಯಾಸವನ್ನು ಆತನೇ ಮುಂದೆ ತನ್ನ ಯಾತ್ರೆಯ ಕಥನದಲ್ಲಿ ಒಪ್ಪಿಕೊಂಡಿದ್ದಾನೆ.

ದೂರದಿಂದ ನೋಡುವವರಿಗೆ ಎರಡು ಧ್ರುವಗಳೂ ಒಂದೇ. ಎರಡೂ ಕಡೆ ಹಿಮ, ಎರಡೂ ಕಡೆ ಆರು ತಿಂಗಳ ಹಗಲು, ಆರು ತಿಂಗಳ ಇರುಳು. ಆದರೆ ಉತ್ತರ ಧ್ರುವದಲ್ಲಿ ನೆಲವೇ ಇಲ್ಲ. ಅಲ್ಲಿರುವುದು ರಷ್ಯ, ನಾರ್ವೆ, ಗ್ರೀನ್‌ಲ್ಯಾಂಡ್, ಕೆನಡಾ, ಅಲಾಸ್ಕಗಳು ಸುತ್ತುವರಿದ ಸಮುದ್ರ. ಧ್ರುವಬಿಂದುವಿನಲ್ಲಿ ಅದರ ಆಳ ನಾಲ್ಕು ಕಿಲೋಮೀಟರಿಗೂ ಹೆಚ್ಚು. ಮೇಲೆ ತೇಲುವ ಹಿಮದ ಹಾಸು ಕೆಲವೇ ಮೀಟರ್ ದಪ್ಪ. ಗಾಳಿ ಮತ್ತು ಪ್ರವಾಹ ಎಳೆದತ್ತ ಅದು ಸರಿಯುತ್ತದೆ, ಬಿರುಕು ಬಿಡುತ್ತದೆ, ಮತ್ತೆ ಕೂಡಿಕೊಳ್ಳುತ್ತದೆ. ದಕ್ಷಿಣದ ಸ್ಥಿತಿ ಇದಕ್ಕೆ ತದ್ವಿರುದ್ಧ. ಅಲ್ಲಿ ಸಮುದ್ರ ಸುತ್ತುವರಿದಿರುವ ಸುಮಾರು 1.4 ಕೋಟಿ ಚದರ ಕಿಲೋಮೀಟರಿನ ಖಂಡವಿದೆ. ಅದರ ಮೇಲೆ ಸರಾಸರಿ ಎರಡು ಕಿಲೋಮೀಟರಿನಷ್ಟು ದಪ್ಪದ ಹಿಮವಿದೆ. ಧ್ರುವಬಿಂದು ಸಮುದ್ರಮಟ್ಟದಿಂದ 2,800 ಮೀಟರಿಗೂ ಎತ್ತರದಲ್ಲಿದೆ. ಹೀಗಾಗಿ ದಕ್ಷಿಣದ ಚಳಿ ಉತ್ತರಕ್ಕಿಂತ ಬಹಳ ಉಗ್ರ. ಬೇಸಿಗೆಯಲ್ಲಿ ಉತ್ತರ ಧ್ರುವದ ಉಷ್ಣಾಂಶ ಸೊನ್ನೆಯ ಸುತ್ತಮುತ್ತ ಇದ್ದರೆ, ದಕ್ಷಿಣ ಧ್ರುವದಲ್ಲಿ ಆಗಲೂ ಸೊನ್ನೆಗಿಂತ 25 ಡಿಗ್ರಿ ಸೆಲ್ಸಿಯಸ್ ಕೆಳಗಿರುವುದು ಸಾಮಾನ್ಯ. ಉತ್ತರದಲ್ಲಿ ಹಿಮಕರಡಿಯಿದೆ, ಸಾವಿರಾರು ವರ್ಷಗಳಿಂದ ಬಾಳಿದ ಜನರಿದ್ದಾರೆ. ದಕ್ಷಿಣದಲ್ಲಿ ಮೂಲನಿವಾಸಿಗಳೆಂಬವರೇ ಇಲ್ಲ. ಪೆಂಗ್ವಿನ್, ಸೀಲ್‌ಗಳೂ ಕರಾವಳಿಗೆ ಸೀಮಿತ.

ಈ ವ್ಯತ್ಯಾಸವನ್ನು ಅಮುಂಡ್ಸೆನ್ ಅನುಭವದಿಂದ ಕಲಿತ. ಆತನ ಗೆಲುವಿಗೂ ಸೋಲಿಗೂ ಅದೇ ಕಾರಣವಾಯಿತು.

ಅಮುಂಡ್ಸೆನ್ ಹುಟ್ಟಿದ್ದು 1872ರ ಜುಲೈ 16ರಂದು, ನಾರ್ವೆಯ ಬೋರ್ಗೆ ಎಂಬಲ್ಲಿ. ಹಡಗುಗಳ ಒಡೆತನವಿದ್ದ ನಾವಿಕರ ಮನೆತನ. ನಾಲ್ವರು ಗಂಡುಮಕ್ಕಳಲ್ಲಿ ಈತನೇ ಕೊನೆಯವ. ಮಗ ವೈದ್ಯನಾಗಲೆಂಬುದು ತಾಯಿಯ ಆಸೆ. ಬ್ರಿಟನ್ನಿನ ಜಾನ್ ಫ್ರಾಂಕ್ಲಿನ್‌ನ ಉತ್ತರ ಯಾತ್ರೆಗಳ ವೃತ್ತಾಂತ ಓದಿದ್ದ ಹುಡುಗನ ಮನಸ್ಸು ಬೇರೆಡೆ ಇತ್ತು. ದೇಹ ಚಳಿಗೆ ಒಗ್ಗಲೆಂದು ಚಳಿಗಾಲದಲ್ಲೂ ಕಿಟಕಿ ತೆರೆದಿಟ್ಟು ಮಲಗುತ್ತಿದ್ದ. ತಾಯಿ ಬದುಕಿರುವಷ್ಟು ಕಾಲ ವೈದ್ಯಕೀಯ ವಿದ್ಯಾರ್ಥಿಯಾಗಿದ್ದು, 1893ರಲ್ಲಿ ಆಕೆ ತೀರಿಕೊಂಡ ಬಳಿಕ ಓದಿಗೆ ಶರಣು ಹೊಡೆದು ಹಡಗು ಹತ್ತಿದ.

ವಿಚಿತ್ರವೆಂದರೆ, ಉತ್ತರದ ಕನಸುಗಾರನಿಗೆ ಮೊದಲ ಪಾಠ ಸಿಕ್ಕಿದ್ದು ದಕ್ಷಿಣದಲ್ಲಿ. 1897ರಲ್ಲಿ ಹೊರಟ ‘ಬೆಲ್ಜಿಕಾ’ ಹಡಗಿನಲ್ಲಿ ಆತ ಅಧಿಕಾರಿಯಾಗಿದ್ದ. ಮರುವರ್ಷ ಅಂಟಾರ್ಕ್ಟಿಕಾದ ಬಳಿ ಹಡಗು ಹಿಮದಲ್ಲಿ ಸಿಕ್ಕಿಕೊಂಡು ಒಂದು ವರ್ಷಕ್ಕೂ ಹೆಚ್ಚು ಕಾಲ ಬಿಡಿಸಿಕೊಳ್ಳಲಾಗಲಿಲ್ಲ. ಅಂಟಾರ್ಕ್ಟಿಕ್ ವಲಯದಲ್ಲಿ ಚಳಿಗಾಲ ಕಳೆದ ಮೊದಲ ತಂಡವಾಗಬೇಕೆಂದು ಅವರಲ್ಲಿ ಬಹುಪಾಲು ಜನ ಬಯಸಿರಲಿಲ್ಲ. ವಿಧಿ ಹಾಗೆ ಮಾಡಿತು. ತಾಜಾ ಆಹಾರವಿಲ್ಲದೆ ನಾವಿಕರಿಗೆ ಸ್ಕರ್ವಿ ರೋಗ ಅಂಟಿತು, ಕೆಲವರ ಬುದ್ಧಿ ಸ್ಥಿಮಿತ ಕಳೆದುಕೊಂಡಿತು. ಹಡಗಿನ ಅಮೆರಿಕನ್ ವೈದ್ಯ ಫ್ರೆಡರಿಕ್ ಕುಕ್ ಸೀಲ್ ಮತ್ತು ಪೆಂಗ್ವಿನ್‌ಗಳ ಹಸಿ ಮಾಂಸ ತಿನ್ನಿಸಿ ಅವರನ್ನು ಉಳಿಸಿದ. ಕೊನೆಗೆ ಗರಗಸ, ಸಿಡಿಮದ್ದು ಹಿಡಿದು ಹಿಮದಲ್ಲಿ ಕಾಲುವೆ ಕೊರೆದು ಹೊರಬಂದರು. ಕುಕ್‌ನ ಋಣವನ್ನು ಅಮುಂಡ್ಸೆನ್ ಮರೆಯಲಿಲ್ಲ. ಮುಂದೆ ಜಗತ್ತು ಕುಕ್‌ನನ್ನು ಸುಳ್ಳುಗಾರನೆಂದು ಹಳಿದಾಗಲೂ, ವಂಚನೆಯ ಪ್ರಕರಣದಲ್ಲಿ ಸೆರೆಮನೆಗೆ ತಳ್ಳಿದಾಗಲೂ ಆತನನ್ನು ಕಾಣಲು ಹೋದ.

ಎರಡನೆಯ ಪಾಠ ಕಲಿಸಿದವರು ಉತ್ತರದ ಇನ್ಯುಯಿಟ್ ಜನ. ಅಟ್ಲಾಂಟಿಕ್‌ನಿಂದ ಕೆನಡಾದ ಉತ್ತರದ ದ್ವೀಪಸಮೂಹದ ನಡುವೆ ನುಸುಳಿ ಪೆಸಿಫಿಕ್ ಸೇರುವ ಜಲಮಾರ್ಗಕ್ಕಾಗಿ ಯುರೋಪು ಶತಮಾನಗಳ ಕಾಲ ಹುಡುಕಾಡಿತ್ತು. 1845ರಲ್ಲಿ ಇದೇ ಫ್ರಾಂಕ್ಲಿನ್ ಎರಡು ದೊಡ್ಡ ಹಡಗುಗಳಲ್ಲಿ ಹೋಗಿ 128 ಸಂಗಡಿಗರೊಂದಿಗೆ ಅಲ್ಲಿಯೇ ಅಳಿದಿದ್ದ. ಅಮುಂಡ್ಸೆನ್ 1903ರ ಜೂನ್‌ನಲ್ಲಿ, ಸಾಲಗಾರರು ಹಡಗನ್ನು ಜಪ್ತಿ ಮಾಡುವ ಮೊದಲೇ ರಾತ್ರೋರಾತ್ರಿ, ಆರು ಜನರನ್ನು ಕಟ್ಟಿಕೊಂಡು ‘ಯೋವಾ’ ಎಂಬ 47 ಟನ್ನಿನ ಪುಟ್ಟ ಹಡಗಿನಲ್ಲಿ ಹೊರಟ. ಕಿಂಗ್ ವಿಲಿಯಂ ದ್ವೀಪದಲ್ಲಿ ಎರಡು ಚಳಿಗಾಲ ತಂಗಿ, ಭೂಕಾಂತೀಯ ಧ್ರುವದ ಅಳತೆ ನಡೆಸಿದ. 1831ರಲ್ಲಿ ಗುರುತಿಸಿದ್ದ ಜಾಗದಿಂದ ಅದು ಸರಿದಿದೆ ಎಂಬುದು ಆ ಅಳತೆಗಳಿಂದ ಸ್ಪಷ್ಟವಾಯಿತು.

ಆದರೆ ಆತನಿಗೆ ನಿಜವಾಗಿ ದಕ್ಕಿದ್ದು ಬೇರೆಯದೇ ವಿದ್ಯೆ. ಫ್ರಾಂಕ್ಲಿನ್‌ನ ನಾವಿಕರು ಹಸಿದು ಸತ್ತ ಅದೇ ನೆಲದಲ್ಲಿ ನೆಟ್ಸಿಲಿಕ್ ಇನ್ಯುಯಿಟರು ಮಕ್ಕಳುಮರಿಯೊಂದಿಗೆ ಬಾಳುತ್ತಿದ್ದರು. ಉಣ್ಣೆಯ ಬದಲು ಹಿಮಸಾರಂಗದ ತೊಗಲನ್ನು ಸಡಿಲವಾಗಿ ತೊಡುವುದು, ಬೆವರದಂತೆ ನಡೆಯುವುದು, ನಾಯಿಗಳ ಬಂಡಿ ಹೂಡುವುದು, ಹಿಮದ ಮನೆ ಕಟ್ಟುವುದು ಇವೆಲ್ಲವನ್ನೂ ಅವರಿಂದ ಕಲಿತ. ಹಿಮವಾಸಿಗಳನ್ನು ಅನಾಗರಿಕರೆಂದು ಕಾಣುತ್ತಿದ್ದ ಆ ಕಾಲದಲ್ಲಿ ಶಿಷ್ಯನಂತೆ ಅವರೆದುರು ಕುಳಿತದ್ದು ಸಣ್ಣ ಮಾತಲ್ಲ. 1906ರಲ್ಲಿ ‘ಯೋವಾ’ ಅಲಾಸ್ಕದ ನೋಮ್ ತಲುಪಿತು. ವಾಯವ್ಯ ಮಾರ್ಗವನ್ನು ಒಂದೇ ಹಡಗಿನಲ್ಲಿ ಕ್ರಮಿಸಿದ ಮೊದಲಿಗನೆಂಬ ಕೀರ್ತಿ ಆತನದಾಯಿತು.

ಇನ್ನು ಉಳಿದದ್ದು ಉತ್ತರ ಧ್ರುವ. ಹಿರಿಯ ಅನ್ವೇಷಕ ಫ್ರಿಡ್ಜೋಫ್ ನಾನ್ಸೆನ್ ತನ್ನ ಪ್ರಸಿದ್ಧ ಹಡಗು ‘ಫ್ರಾಮ್’ ಅನ್ನು ಬಿಟ್ಟುಕೊಟ್ಟ. ಸಿದ್ಧತೆ ನಡೆದಿರುವಾಗಲೇ, 1909ರ ಸೆಪ್ಟೆಂಬರಿನಲ್ಲಿ ಉತ್ತರ ಧ್ರುವ ಮುಟ್ಟಿದ್ದಾಗಿ ಮೊದಲು ಕುಕ್, ಹಿಂದೆಯೇ ರಾಬರ್ಟ್ ಪಿಯರಿ ಘೋಷಿಸಿದರು. ಇಬ್ಬರ ಹಕ್ಕುಸಾಧನೆಯನ್ನೂ ಇತಿಹಾಸಕಾರರು ಇಂದು ಸಂಶಯದಿಂದಲೇ ನೋಡುತ್ತಾರೆ. ಆದರೆ ಅಂದು ಧ್ರುವ ಕೈತಪ್ಪಿತೆಂದೇ ಅಮುಂಡ್ಸೆನ್ ಭಾವಿಸಿದ. ಎರಡನೆಯವನಿಗೆ ಹಣ ಕೊಡುವವರಾರು? ಗುಟ್ಟಾಗಿ ದಿಕ್ಕು ಬದಲಿಸಿದ. ನಾನ್ಸೆನ್‌ಗೂ ಹೇಳಲಿಲ್ಲ, ಸರ್ಕಾರಕ್ಕೂ ಹೇಳಲಿಲ್ಲ. ಹಡಗಿನ ಬಹುತೇಕರಿಗೆ ವಿಷಯ ತಿಳಿದದ್ದು 1910ರ ಸೆಪ್ಟೆಂಬರಿನಲ್ಲಿ, ಮಡೇರಾ ದ್ವೀಪ ತಲುಪಿದ ಮೇಲೆ. ಆ ಹೊತ್ತಿಗಾಗಲೇ ದಕ್ಷಿಣ ಧ್ರುವಕ್ಕೆ ಹೊರಟಿದ್ದ ಬ್ರಿಟನ್ನಿನ ರಾಬರ್ಟ್ ಸ್ಕಾಟ್‌ಗೆ ಮೆಲ್ಬರ್ನ್‌ನಲ್ಲಿ ಒಂದು ಚುಟುಕು ತಂತಿ ಸಿಕ್ಕಿತು. ಪೈಪೋಟಿ ತಪ್ಪಲ್ಲ, ಆದರೆ ನೆರವಾದವರನ್ನೇ ಕತ್ತಲಲ್ಲಿಟ್ಟ ಕಳಂಕ ಆತನನ್ನು ಬಿಡಲಿಲ್ಲ.

1911ರ ಜನವರಿಯಲ್ಲಿ ರಾಸ್ ಹಿಮಹಾಸಿನ ಅಂಚಿನಲ್ಲಿರುವ ತಿಮಿಂಗಿಲ ಕೊಲ್ಲಿಯಲ್ಲಿ ಬಿಡಾರ ಹೂಡಿದ. 70 ವರ್ಷಗಳ ಹಿಂದಿನ ದಾಖಲೆಯಲ್ಲೂ ಕೊಲ್ಲಿ ಅಲ್ಲಿಯೇ ಇದ್ದುದರಿಂದ ಹಿಮದ ಅಡಿ ನೆಲವಿರಬೇಕೆಂದು ಲೆಕ್ಕ ಹಾಕಿದ್ದ. ಲೆಕ್ಕ ತಪ್ಪಾಗಿತ್ತು, ಆ ಹಿಮ ತೇಲುತ್ತಿತ್ತು. ಅದೃಷ್ಟವಶಾತ್ ಆತ ಇದ್ದಷ್ಟು ಕಾಲ ಒಡೆಯಲಿಲ್ಲ. 1987ರಲ್ಲಿ ಬೃಹತ್ ಹಿಮಬಂಡೆಯೊಂದು ಕಳಚಿಕೊಂಡಾಗ ಆ ಕೊಲ್ಲಿಯೇ ಭೂಪಟದಿಂದ ಅಳಿಸಿಹೋಯಿತು.

ಚಳಿಗಾಲಕ್ಕೆ ಮುನ್ನ 80, 81 ಮತ್ತು 82ನೆಯ ಅಕ್ಷಾಂಶಗಳಲ್ಲಿ ಆಹಾರದ ದಾಸ್ತಾನು ಹೂತಿಟ್ಟರು. ಮಂಜು ಕವಿದಾಗಲೂ ಗುರಿ ತಪ್ಪದಿರಲೆಂದು ಪ್ರತಿ ದಾಸ್ತಾನಿನ ಎಡಬಲಕ್ಕೆ ಕಿಲೋಮೀಟರುಗಟ್ಟಲೆ ದೂರ ಬಾವುಟಗಳ ಸಾಲು ನೆಟ್ಟರು. ಎರಡು ಧ್ರುವಗಳ ಭೇದ ತಿಳಿಯಲು ಈ ಒಂದು ಕ್ರಮ ಸಾಕು. ಉತ್ತರದ ಹಿಮದ ಮೇಲೆ ಹೀಗೆ ಹೂತಿಟ್ಟ ಆಹಾರ ವಾರ ಕಳೆಯುವಷ್ಟರಲ್ಲಿ ಎಲ್ಲಿಗೋ ತೇಲಿಹೋಗುತ್ತಿತ್ತು. ದಕ್ಷಿಣದಲ್ಲಿ ಎಂಟು ತಿಂಗಳ ಮೇಲೂ ಇಟ್ಟಲ್ಲಿಯೇ ಸಿಕ್ಕಿತು.

ಆದರೂ ಆತುರ ಆತನನ್ನು ಬಿಡಲಿಲ್ಲ. ಸ್ಕಾಟ್ ಮುಂದಾಗಬಹುದೆಂಬ ಭಯದಿಂದ ಸೆಪ್ಟೆಂಬರಿನಲ್ಲೇ ಹೊರಟು, ಸೊನ್ನೆಗಿಂತ 50 ಡಿಗ್ರಿಗೂ ಕೆಳಗಿನ ಚಳಿಗೆ ಸಿಕ್ಕಿ ಹಿಂದಿರುಗಬೇಕಾಯಿತು. ಮರಳುವಾಗ ನಾಯಕನೇ ಮುಂದೆ ಧಾವಿಸಿದ. ಹಿಂದುಳಿದ ಒಬ್ಬ ಸಂಗಡಿಗನನ್ನು ಅನುಭವಿ ಯಾಲ್ಮಾರ್ ಯೊಹಾನ್ಸೆನ್ ಬದುಕಿಸಿ ತಂದ. ಎಲ್ಲರೆದುರು ಯೊಹಾನ್ಸೆನ್ ಇದನ್ನು ಆಕ್ಷೇಪಿಸಿದ್ದಕ್ಕೆ ಅಮುಂಡ್ಸೆನ್ ಆತನನ್ನು ಧ್ರುವಯಾತ್ರೆಯಿಂದಲೇ ಕೈಬಿಟ್ಟ. ಊರಿಗೆ ಮರಳಿದ ಯೊಹಾನ್ಸೆನ್ 1913ರ ಜನವರಿಯಲ್ಲಿ ಆತ್ಮಹತ್ಯೆ ಮಾಡಿಕೊಂಡ.

ಅಕ್ಟೋಬರಿನಲ್ಲಿ ಐವರು, ನಾಲ್ಕು ಬಂಡಿ, 52 ನಾಯಿಗಳ ತಂಡ ಮತ್ತೆ ಹೊರಟಿತು. ಅಕ್ಸೆಲ್ ಹೈಬರ್ಗ್ ಹಿಮನದಿ ಏರಿ ಪ್ರಸ್ಥಭೂಮಿ ತಲುಪಿದ ದಿನ, ಮೊದಲೇ ಹಾಕಿದ್ದ ಲೆಕ್ಕದಂತೆ, 24 ನಾಯಿಗಳನ್ನು ಗುಂಡಿಕ್ಕಿ ಕೊಂದರು. ಆ ಮಾಂಸ ಉಳಿದ ನಾಯಿಗಳಿಗೂ ಮನುಷ್ಯರಿಗೂ ಆಹಾರವಾಯಿತು. ನೂರಾರು ಕಿಲೋಮೀಟರ್ ದೂರ ಬಂಡಿ ಎಳೆಯಲು ಜೊತೆಯಾದ ಪ್ರಾಣಿಗಳು ಅವು. ಆ ಜಾಗಕ್ಕೆ ಕಟುಕರ ಅಂಗಡಿಯೆಂದು ಹೆಸರಿಟ್ಟವರು ಅವರೇ. 99 ದಿನಗಳ ಬಳಿಕ ಬಿಡಾರಕ್ಕೆ ಮರಳಿದ್ದು ಐವರು ಮನುಷ್ಯರು, 11 ನಾಯಿಗಳು. ಸ್ಕಾಟ್‌ನ ತಂಡ 1912ರ ಜನವರಿ 17ರಂದು ಧ್ರುವ ತಲುಪಿದಾಗ ಕಂಡದ್ದು ನಾರ್ವೆಯ ಗುಡಾರ. ತಾವೇ ಬಂಡಿ ಎಳೆಯುತ್ತ ಹಿಂದಿರುಗಿದ ಆ ಐವರೂ ಹಸಿವು, ಚಳಿಗೆ ಬಲಿಯಾದರು. ಗೆದ್ದವನಿಗಿಂತ ಸೋತು ಸತ್ತವನನ್ನೇ ಇಂಗ್ಲಿಷ್ ಜಗತ್ತು ಹೆಚ್ಚು ಗೌರವಿಸಿದ್ದು ಅಮುಂಡ್ಸೆನ್‌ನನ್ನು ಕೊನೆಯವರೆಗೂ ಕುಟುಕುತ್ತಿತ್ತು.

ಉತ್ತರದ ಹಂಬಲ ಮಾತ್ರ ಹಿಂಗಲಿಲ್ಲ. 1918ರಲ್ಲಿ ‘ಮಾಡ್’ ಹಡಗಿನಲ್ಲಿ ಹೊರಟ. ಹಿಮದ ಜೊತೆ ತೇಲಿ ಧ್ರುವ ದಾಟುವುದು ಆಗಿನ ಯೋಜನೆ. ಹಿಮ ಆ ದಾರಿ ಹಿಡಿಯಲೇ ಇಲ್ಲ. ಬಿದ್ದು ತೋಳು ಮುರಿಯಿತು, ಹಿಮಕರಡಿ ಮೈಮೇಲೆ ಎರಗಿತು, ದೀಪದ ವಿಷಾನಿಲ ಹೃದಯವನ್ನು ದುರ್ಬಲಗೊಳಿಸಿತು. 1924ರಲ್ಲಿ ದಿವಾಳಿಯಾದ.

ಆಗ ಕೈಹಿಡಿದವ ಅಮೆರಿಕದ ಸಿರಿವಂತರ ಮಗ ಲಿಂಕನ್ ಎಲ್ಸ್‌ವರ್ತ್. 1925ರ ಮೇ 21ರಂದು ನಾರ್ವೆಗೆ ಸೇರಿದ ಸ್ವಾಲ್‌ಬಾರ್ಡ್ ದ್ವೀಪಗಳಿಂದ ಆರು ಮಂದಿ ಎರಡು ಕಡಲವಿಮಾನಗಳಲ್ಲಿ ಹಾರಿದರು. ಧ್ರುವಕ್ಕೆ ಸುಮಾರು 250 ಕಿಲೋಮೀಟರ್ ಇರುವಾಗ ಹಿಮದ ನಡುವಿನ ನೀರಿಗೆ ಇಳಿದರು. ಇಳಿದ ನೀರು ನೋಡನೋಡುತ್ತಲೇ ಹೆಪ್ಪುಗಟ್ಟಿತು, ಸುತ್ತಲ ಹಿಮ ಒತ್ತಿ ಬಂತು. ಒಂದು ವಿಮಾನ ಕೆಟ್ಟಿತು. ಇನ್ನೊಂದನ್ನು ಹಾರಿಸಲು ಹಿಮವನ್ನು ಸಮತಟ್ಟು ಮಾಡಬೇಕು. ಮಾಡಿದ ದಾರಿಯಲ್ಲೇ ಬಿರುಕು ಮೂಡುತ್ತಿತ್ತು. ಮತ್ತೆ ಬೇರೊಂದೆಡೆ ಅಗೆತ. ಅರೆಹೊಟ್ಟೆಯಲ್ಲಿ ಮೂರು ವಾರ ನೂರಾರು ಟನ್ ಹಿಮ ಸರಿಸಿ, ಜೂನ್ 15ರಂದು ಆರೂ ಜನ ಒಂದೇ ವಿಮಾನದಲ್ಲಿ ಮೇಲೇರಿದರು. ಅಷ್ಟರಲ್ಲಿ ಅವರನ್ನು ಸತ್ತವರ ಪಟ್ಟಿಗೆ ಸೇರಿಸಿದವರೂ ಇದ್ದರು.

ಮರುವರ್ಷ ಇಟಲಿಯ ಉಂಬರ್ಟೊ ನೊಬಿಲೆ ನಿರ್ಮಿಸಿ ನಡೆಸಿದ ‘ನೋರ್ಗೆ’ ವಾಯುನೌಕೆ ಅದೇ ದ್ವೀಪಗಳ ನಿ-ಓಲೆಸುಂಡ್‌ನಿಂದ ಮೇಲೇರಿತು. 1926ರ ಮೇ 12ರಂದು ಉತ್ತರ ಧ್ರುವದ ಮೇಲೆ ಹಾದು ಮೇ 14ರಂದು ಅಲಾಸ್ಕದ ಟೆಲ್ಲರ್‌ನಲ್ಲಿ ಇಳಿಯಿತು. ಹಿಂದಿನವರ ಹಕ್ಕುಸಾಧನೆಗಳು ಸಂಶಯಾಸ್ಪದವಾಗಿರುವುದರಿಂದ, ನಿರ್ವಿವಾದವಾಗಿ ಉತ್ತರ ಧ್ರುವ ತಲುಪಿದ ಮೊದಲ ತಂಡ ಇದೇ. ಅಮುಂಡ್ಸೆನ್ ಮತ್ತು ದಕ್ಷಿಣದಲ್ಲೂ ಜೊತೆಗಿದ್ದ ಆಸ್ಕರ್ ವಿಸ್ಟಿಂಗ್ ಎರಡೂ ಧ್ರುವ ಕಂಡ ಮೊದಲಿಗರಾದರು. ಆದರೆ ಬಾಲ್ಯದ ಕನಸಿನ ಆ ಬಿಂದುವಿನಲ್ಲಿ ಕಾಲೂರಲಾಗಲಿಲ್ಲ. ಕಿಟಕಿಯಿಂದ ನೋಡಿದ್ದಷ್ಟೇ. ಮೇಲಿನಿಂದ ಎಸೆದ ಮೂರು ದೇಶಗಳ ಬಾವುಟಗಳು ಹಿಮದೊಂದಿಗೆ ತೇಲಿಹೋದವು.

ಹಾರಾಟದ ಕೀರ್ತಿ ಯಾರದೆಂಬ ಬಗ್ಗೆ ನೊಬಿಲೆ ಜೊತೆ ಪತ್ರಿಕೆಗಳಲ್ಲಿ ಜಗಳ ನಡೆಯಿತು. 1927ರ ಆತ್ಮಕಥೆಯಲ್ಲಿ ಅಮುಂಡ್ಸೆನ್ ಕಾರಿದ ಕಹಿ ಆತನ ಮಿತ್ರರಿಗೇ ಮುಜುಗರ ತಂದಿತ್ತು. ಅಂಥವನು, 1928ರ ಮೇ 25ರಂದು ನೊಬಿಲೆಯ ‘ಇಟಾಲಿಯಾ’ ವಾಯುನೌಕೆ ಉತ್ತರದ ಹಿಮದ ಮೇಲೆ ಅಪ್ಪಳಿಸಿದ ಸುದ್ದಿ ಬಂದಾಗ ಶೋಧಕ್ಕೆ ಹೊರಟುನಿಂತ. ಬದುಕುಳಿದವರ ಗುಡಾರ ಹಿಮದೊಂದಿಗೆ ದಿನದಿನಕ್ಕೂ ಸರಿಯುತ್ತಿದ್ದುದರಿಂದ ಅವರನ್ನು ಹುಡುಕುವುದೇ ಕಷ್ಟವಾಗಿತ್ತು. ಜೂನ್ 18ರಂದು ಫ್ರೆಂಚ್ ವಿಮಾನ ‘ಲಾಥಮ್ 47’ರಲ್ಲಿ ಐವರೊಂದಿಗೆ ನಾರ್ವೆಯ ಟ್ರೋಮ್ಸೋದಿಂದ ಹಾರಿದ. ಕೆಲವು ಗಂಟೆಗಳಲ್ಲೇ ರೇಡಿಯೋ ಸಂಪರ್ಕ ಕಡಿಯಿತು.

ಆತ ಸುಳಿದಾಡಿದ ಎರಡೂ ತುದಿಗಳಲ್ಲಿ ಇಂದು ಭಾರತದ ನೆಲೆಗಳಿವೆ. ‘ನೋರ್ಗೆ’ಯನ್ನು ಕಟ್ಟಿದ್ದ ಕಬ್ಬಿಣದ ಗೋಪುರ ಇನ್ನೂ ನಿಂತಿರುವ ನಿ-ಓಲೆಸುಂಡ್‌ನಲ್ಲಿ 2008ರಲ್ಲಿ ‘ಹಿಮಾದ್ರಿ’ ಆರಂಭವಾಯಿತು. ಅಂಟಾರ್ಕ್ಟಿಕಾದ ‘ಮೈತ್ರಿ’ ಇರುವುದು ಕ್ವೀನ್ ಮಾಡ್ ಲ್ಯಾಂಡ್‌ನಲ್ಲಿ. ಅಮುಂಡ್ಸೆನ್‌ನ ಹಡಗಿಗೂ ಅದೇ ನಾರ್ವೆ ರಾಣಿಯ ಹೆಸರಿತ್ತು. ದಕ್ಷಿಣ ಧ್ರುವದಲ್ಲಿರುವ ಅಮೆರಿಕದ ನೆಲೆಗೆ ಅಮುಂಡ್ಸೆನ್ ಮತ್ತು ಸ್ಕಾಟ್ ಇಬ್ಬರ ಹೆಸರನ್ನೂ ಜೋಡಿಸಲಾಗಿದೆ. ಅಂಥ ಕಾಯಂ ಕಟ್ಟಡ ಉತ್ತರ ಧ್ರುವಬಿಂದುವಿನಲ್ಲಿ ಇಲ್ಲ, ಕಟ್ಟಲು ಅಲ್ಲಿ ನೆಲವಿಲ್ಲ.

ನೊಬಿಲೆಯನ್ನು ಸ್ವೀಡನ್ನಿನ ವಿಮಾನವೊಂದು ಜೂನ್ ಮುಗಿಯುವ ಮೊದಲೇ ಪಾರುಮಾಡಿತು. ಆತ 1978ರವರೆಗೆ ಬದುಕಿದ್ದ. ‘ಲಾಥಮ್’ ವಿಮಾನದ ಒಂದು ತೇಲುಬುರುಡೆ 1928ರ ಆಗಸ್ಟ್ 31ರಂದು ನಾರ್ವೆಯ ಉತ್ತರ ಕರಾವಳಿಯ ಬಳಿ ಸಿಕ್ಕಿತು. 2009ರಲ್ಲಿ ನಾರ್ವೆಯ ನೌಕಾಪಡೆ ಮಾನವರಹಿತ ಜಲಾಂತರ್ಗಾಮಿಯನ್ನು ಇಳಿಸಿ ಸಮುದ್ರತಳವನ್ನು ಜಾಲಾಡಿತು. ವಿಮಾನವಾಗಲೀ ಅಮುಂಡ್ಸೆನ್‌ನ ದೇಹವಾಗಲೀ ಪತ್ತೆಯಾಗಲಿಲ್ಲ.