ಕಬ್ಬಿಣದ ಸದ್ದಿನಿಂದ ಪಿಸುಮಾತಿನವರೆಗೆ: ಬ್ಲಿಕ್ಸಾ ಬಾರ್ಗೆಲ್ಡ್

ಮನೆಗೆ ಬಣ್ಣ ಹೊಡೆಯುವಾಗಲೋ ಕಪಾಟು ಜೋಡಿಸುವಾಗಲೋ ಅಪ್ಪ ಅಮ್ಮನ ಜೊತೆ ನೀವೆಲ್ಲ ಹಾರ್ನ್‌ಬಾಖ್ ಅಂಗಡಿಗೆ ಹೋಗಿರುತ್ತೀರಿ. ಸುಮಾರು ಇಪ್ಪತ್ತು ವರ್ಷಗಳ ಹಿಂದೆ ಆ ಅಂಗಡಿಯ ಒಂದು ಜಾಹೀರಾತಿನಲ್ಲಿ ಗಂಭೀರ ಮುಖದ ಒಬ್ಬರು ಸಾಮಾನಿನ ಕ್ಯಾಟಲಾಗ್ ಹಿಡಿದು, ಅದರಲ್ಲಿದ್ದ ವಿವರಗಳನ್ನು ಕಾವ್ಯವಾಚನ ಮಾಡುವ ಹಾಗೆ ಓದುತ್ತಿದ್ದರು. ಉಪಕರಣಗಳ ಪಟ್ಟಿಯನ್ನೂ ಜನ ಬಿಟ್ಟ ಬಾಯಿ ಮುಚ್ಚದೆ ಕೇಳುವಂತೆ ಮಾಡುವ ಶಕ್ತಿ ಆ ದನಿಗಿತ್ತು. ಓದುತ್ತಿದ್ದವರು ಬ್ಲಿಕ್ಸಾ ಬಾರ್ಗೆಲ್ಡ್. ಅಂಗಡಿಯವರು ಅವರನ್ನೇ ಆರಿಸಿಕೊಂಡಿದ್ದಕ್ಕೆ ಕಾರಣವಿದೆ. ಡ್ರಿಲ್ಲಿಂಗ್ ಮಷೀನು, ಸುತ್ತಿಗೆ, ತಗಡು, ಸ್ಪ್ರಿಂಗುಗಳನ್ನು ವೇದಿಕೆಗೆ ತಂದು ಸಂಗೀತ ಕಟ್ಟಿದ ತಂಡದ ಹಾಡುಗಾರರು ಅವರು.

ನೀವು ಬೆಳೆಯುತ್ತಿರುವುದು ಜರ್ಮನಿಯಲ್ಲಿ. ಕನ್ನಡದ ಹಾಡುಗಾರರನ್ನು ನಿಮಗೆ ಪರಿಚಯಿಸುವುದು ನಮ್ಮ ಕನ್ನಡ ಕೂಟದ ಕೆಲಸ, ಅದು ನಡೆದೇ ಇದೆ. ಆದರೆ ನೀವು ದಿನಾ ಓಡಾಡುವ ಊರುಗಳಲ್ಲೇ ಹುಟ್ಟಿದ ಕಲೆಯನ್ನು ಕನ್ನಡದಲ್ಲಿ ಹೇಳಿಕೊಡುವವರೂ ಬೇಕಲ್ಲ? ಅದಕ್ಕಾಗಿ ಈ ಸಂಚಿಕೆಯಲ್ಲಿ ಬರ್ಲಿನ್ನಿನ ಈ ಗಾಯಕರ ಕಥೆ.

ಅವರು ಹುಟ್ಟಿದ್ದು 1959ರ ಜನವರಿ 12ರಂದು, ಪಶ್ಚಿಮ ಬರ್ಲಿನ್ನಿನಲ್ಲಿ. ಮನೆಯವರು ಇಟ್ಟ ಹೆಸರು ಕ್ರಿಸ್ಟಿಯಾನ್ ಎಮ್ಮೆರಿಖ್. ಒಂದು ಬಗೆಯ ಸ್ಕೆಚ್ ಪೆನ್ನಿನ ಹೆಸರಿನಿಂದ ಬ್ಲಿಕ್ಸಾ, ದಾದಾ ಎಂಬ ಕಲಾಪಂಥದ ಹಳೆಯ ಕಾಲದ ಒಬ್ಬ ಕಲಾವಿದನ ಹೆಸರಿನಿಂದ ಬಾರ್ಗೆಲ್ಡ್ ತೆಗೆದುಕೊಂಡು ಹೊಸ ಹೆಸರನ್ನು ತಾವೇ ಇಟ್ಟುಕೊಂಡರು. ಅವರಿಗೆ ಎರಡೂವರೆ ವರ್ಷವಾಗಿದ್ದಾಗ, 1961ರ ಆಗಸ್ಟ್‌ನಲ್ಲಿ, ಊರಿನ ಸುತ್ತ ಗೋಡೆ ಎದ್ದಿತು. ಅವರ ಬಾಲ್ಯವೂ ಯೌವನವೂ ಆ ಗೋಡೆಯ ಒಳಗೇ ಕಳೆದವು. ಯುದ್ಧದಲ್ಲಿ ಬಾಂಬು ಬಿದ್ದು ಹಾಳಾದ ಮನೆಗಳು ಒಂದು ಕಡೆ, ಅವುಗಳ ಜಾಗದಲ್ಲಿ ತರಾತುರಿಯಲ್ಲಿ ಎದ್ದ ಕಾಂಕ್ರೀಟ್ ಕಟ್ಟಡಗಳು ಇನ್ನೊಂದು ಕಡೆ. ಬಾಡಿಗೆ ಕಡಿಮೆ, ಕೈಯಲ್ಲಿ ಕಾಸೂ ಕಡಿಮೆ. ಪಶ್ಚಿಮ ಬರ್ಲಿನ್ನಿನ ಹುಡುಗರಿಗೆ ಕಡ್ಡಾಯ ಸೈನ್ಯಸೇವೆ ಇರಲಿಲ್ಲವಾದ್ದರಿಂದ ಪಶ್ಚಿಮ ಜರ್ಮನಿಯ ಬೇರೆ ಊರುಗಳ ತರುಣರೂ ಅಲ್ಲಿಗೆ ಬಂದು ಸೇರುತ್ತಿದ್ದರು.

1980ರ ಏಪ್ರಿಲ್ 1ರಂದು ಮೂನ್ ಎಂಬ ಕ್ಲಬ್ಬಿನಲ್ಲಿ ಬ್ಲಿಕ್ಸಾ ಮತ್ತು ಗೆಳೆಯರು ಮೊದಲ ಕಾರ್ಯಕ್ರಮ ಕೊಟ್ಟರು. ತಂಡಕ್ಕೆ ಇಟ್ಟ ಹೆಸರು ಐನ್‌ಷ್ಟುರ್ಟ್ಸೆಂಡೆ ನೊಯ್‌ಬೌಟೆನ್, ಅಂದರೆ ಕುಸಿಯುತ್ತಿರುವ ಹೊಸ ಕಟ್ಟಡಗಳು. ಮುಂದಿನ ತಿಂಗಳು, ಮೇ 21ರಂದು, ಊರಿನವರು ಹೆಮ್ಮೆಯಿಂದ ತೋರಿಸುತ್ತಿದ್ದ ಕಾಂಗ್ರೆಸ್ ಹಾಲ್‌ನ ಚಾವಣಿ ನಿಜಕ್ಕೂ ಕುಸಿದು ಬಿತ್ತು. ಟಿಯರ್‌ಗಾರ್ಟನ್ ಉದ್ಯಾನದ ಪಕ್ಕ ಚಿಪ್ಪಿನಾಕಾರದ ಮಾಡು ಹೊತ್ತ ಕಟ್ಟಡ ನೋಡಿದ್ದೀರಲ್ಲ, ಅದೇ. ಈಗ ಇರುವುದು ಮತ್ತೆ ಕಟ್ಟಿದ್ದು. ಕಾಕತಾಳೀಯವೇ ಆದರೂ, ಆ ಮೇಲೆ ತಂಡದ ಹೆಸರನ್ನು ಯಾರೂ ಮರೆಯಲಿಲ್ಲ.

ತಾಳವಾದ್ಯದ ಎನ್.ಯು. ಉನ್‌ರೂ ದುಡ್ಡಿಲ್ಲದೆ ತಮ್ಮ ಡ್ರಮ್ ಸೆಟ್ಟನ್ನೇ ಮಾರಿಬಿಟ್ಟರು. ಬಾರಿಸಲು ಏನಾದರೂ ಬೇಕಲ್ಲ? ಗುಜರಿ ಕಬ್ಬಿಣ, ಕಟ್ಟಡ ಕೆಲಸದ ಜಾಗದಲ್ಲಿ ಬಿದ್ದಿದ್ದ ತಗಡು, ದಪ್ಪ ಸ್ಪ್ರಿಂಗು, ಕೈಗೆ ಸಿಕ್ಕಿದ್ದನ್ನೆಲ್ಲ ಬಡಿದು ನೋಡಿದರು. ಅದೇ ವರ್ಷ ಬ್ಲಿಕ್ಸಾ ಮತ್ತು ಉನ್‌ರೂ ಹೆದ್ದಾರಿ ಸೇತುವೆಯೊಂದರ ಟೊಳ್ಳಿನೊಳಗೆ ನುಸುಳಿ, ಮೇಲೆ ವಾಹನಗಳು ಓಡುತ್ತಿರುವಾಗಲೇ, ಕಬ್ಬಿಣ ಬಡಿದು ಕೂಗಿ ಹಾಡಿ ಒಂದು ಕ್ಯಾಸೆಟ್ ಮಾಡಿಕೊಂಡು ಬಂದರು. ನೀರಿನ ಮಡಕೆ ನಮ್ಮಲ್ಲಿ ಘಟವಾಗಿ ಕಛೇರಿಯ ವೇದಿಕೆಯೇರಿದ ಹಾಗೆ, ಇಲ್ಲಿ ಗುಜರಿ ಸಾಮಾನು ವಾದ್ಯವಾಯಿತು. ಇವರದು ಬರೀ ಗದ್ದಲ ಎಂದವರು ಆಗಲೂ ಇದ್ದರು, ಈಗಲೂ ಇದ್ದಾರೆ. ನಾನು ಒಪ್ಪುವುದಿಲ್ಲ. ಯಾವ ತಗಡಿನ ಯಾವ ಮೂಲೆಗೆ ಬಡಿದರೆ ಎಂಥ ನಾದ, ಅದು ಎಷ್ಟು ಹೊತ್ತು ನಿಲ್ಲುತ್ತದೆ ಎಂದು ಕಿವಿಗೊಟ್ಟು ಹುಡುಕಿದವರು ಇವರು. ಆ ಹುಡುಕಾಟ ನಾಲ್ಕು ದಶಕ ದಾಟಿಯೂ ನಿಂತಿಲ್ಲ.

ಈ ಬಗೆಯ ಸಂಗೀತಕ್ಕೆ ಇಂಡಸ್ಟ್ರಿಯಲ್ ಎಂಬ ಹೆಸರಿದೆ. 1976ರಲ್ಲಿ ಇಂಗ್ಲೆಂಡಿನ ಕೆಲವು ಕಲಾವಿದರು ಇಂಡಸ್ಟ್ರಿಯಲ್ ರೆಕಾರ್ಡ್ಸ್ ಎಂಬ ಸ್ವಂತ ಕಂಪನಿ ತೆರೆದರು; ಹೆಸರು ಹುಟ್ಟಿದ್ದು ಅಲ್ಲಿಂದ. ಗಾಥಿಕ್ ಎನ್ನುವುದು ಇದರ ನೆರೆಮನೆಯ ಧಾರೆ: ಕಪ್ಪು ಉಡುಪು, ಸಾವು ಮತ್ತು ವಿರಹದ ಹಾಡು, ಆಳದ ಕಂಠ. ಲೈಪ್‌ಜಿಗ್‌ನಲ್ಲಿ 1992ರಿಂದ ಫಿಂಗ್‌ಸ್ಟನ್ ರಜೆಯಲ್ಲಿ ಇದರ ದೊಡ್ಡ ಜಾತ್ರೆಯೇ ನಡೆಯುತ್ತದೆ. ಆ ಊರಿನ ಮಕ್ಕಳು ಕಪ್ಪು ಲೇಸಿನ ಲಂಗ, ಎತ್ತರದ ಟೋಪಿ ತೊಟ್ಟವರನ್ನು ಟ್ರಾಮಿನಲ್ಲಿ ಕಂಡಿರುತ್ತೀರಿ. ಹೆದರಬೇಕಾಗಿಲ್ಲ, ಅವರು ಹೊರಟಿರುವುದು ಹಾಡು ಕೇಳಲು. ಬ್ಲಿಕ್ಸಾ ಎರಡೂ ಧಾರೆಗಳಿಗೆ ಬೇಕಾದವರು.

ಶುರುವಿನಲ್ಲಿ ಅವರು ಹಾಡುತ್ತಿರಲಿಲ್ಲ, ಚೀರುತ್ತಿದ್ದರು. 1981ರ ‘ಕೊಲಾಪ್ಸ್’ ಆಲ್ಬಮ್ ಕೇಳಿದರೆ ಗೊತ್ತಾಗುತ್ತದೆ. ಅದು ಸಿಟ್ಟಿಗೆದ್ದವರ ಒರಟು ಅರಚಾಟವಲ್ಲ. ಸಣ್ಣಗೆ, ಚೂಪಾಗಿ, ತೀರಾ ಮೇಲಿನ ಸ್ಥಾಯಿಯಲ್ಲಿ ಹೊರಟು ನಿಂತಲ್ಲೇ ನಿಲ್ಲುವ ದನಿ. ಮನುಷ್ಯನ ಗಂಟಲೋ ಲೋಹದ ಮೇಲೆ ಲೋಹ ಉಜ್ಜಿದ್ದೋ ಎಂದು ಅನುಮಾನ ಬರುತ್ತದೆ. ಸುತ್ತ ಕಬ್ಬಿಣ ಮೊಳಗುತ್ತಿರುವಾಗ ಅದರ ನಡುವೆ ಕೇಳಿಸುವಂಥ ಕಂಠವನ್ನು ಅವರು ತಾವೇ ಕಂಡುಕೊಂಡಿದ್ದರು.

ಆಸ್ಟ್ರೇಲಿಯದ ಗಾಯಕ ನಿಕ್ ಕೇವ್ ಆಮ್‌ಸ್ಟರ್‌ಡ್ಯಾಂನಲ್ಲಿದ್ದಾಗ ಟೀವಿಯಲ್ಲಿ ಈ ತಂಡವನ್ನು ಕಂಡು ಬೆರಗಾದರು. 1983ರಲ್ಲಿ ತಮ್ಮ ಆಗಿನ ತಂಡದ ಒಂದು ಹಾಡಿಗೆ ಗಿಟಾರ್ ನುಡಿಸಲು ಬ್ಲಿಕ್ಸಾರನ್ನು ಕರೆದರು. ಆಮೇಲೆ ಕಟ್ಟಿದ ಬ್ಯಾಡ್ ಸೀಡ್ಸ್ ತಂಡದಲ್ಲಿ ಬ್ಲಿಕ್ಸಾ 2003ರವರೆಗೂ ಇದ್ದರು. ಇಪ್ಪತ್ತು ವರ್ಷ ಎರಡು ತಂಡಗಳು, ಎರಡು ಭಾಷೆಗಳು! ವಿಮ್ ವೆಂಡರ್ಸ್ 1987ರಲ್ಲಿ ತೆಗೆದ, ಬರ್ಲಿನ್ನಿನ ಮೇಲೆ ದೇವದೂತರು ಅಡ್ಡಾಡುವ ಸಿನಿಮಾ ಮುಂದೆ ಯಾವಾಗಲಾದರೂ ನೋಡುತ್ತೀರಿ. ಅದರಲ್ಲಿ ನಿಕ್ ಕೇವ್ ಹಾಡುವಾಗ ಜೊತೆಯಲ್ಲಿ ಗಿಟಾರ್ ಹಿಡಿದವರು ಇವರೇ.

ಬ್ಯಾಡ್ ಸೀಡ್ಸ್‌ನಲ್ಲಿ ಅವರ ಇನ್ನೊಂದು ಕಂಠ ಹೊರಬಂತು. 1990ರ ‘ದಿ ವೀಪಿಂಗ್ ಸಾಂಗ್’ ತಂದೆ ಮಗನ ಸಂವಾದ. ಮಗನ ಪಾತ್ರ ನಿಕ್ ಕೇವ್ ಅವರದು, ತಂದೆಯದು ಬ್ಲಿಕ್ಸಾ ಅವರದು. ನಿಜದಲ್ಲಿ ಬ್ಲಿಕ್ಸಾ ಕೇವ್‌ಗಿಂತ ಒಂದು ವರ್ಷಕ್ಕೂ ಹೆಚ್ಚು ಚಿಕ್ಕವರು. ಆದರೂ ಆ ಆಳದ, ಸಮಾಧಾನದ ದನಿ ಕೇಳಿದರೆ ತಂದೆಯೆಂದೇ ನಂಬುತ್ತೇವೆ. ಆಮೇಲೆ ಕೇವ್ ಅವರು ಕೈಲೀ ಮಿನೋಗ್ ಜೊತೆ ಹಾಡಿ ಹೆಸರಾದ 1995ರ ಯುಗಳಗೀತೆಯಿದೆ. ಅದರ ಹೆಣ್ಣಿನ ಭಾಗವನ್ನು ಮಾದರಿಗಾಗಿ ಮೊದಲು ಹಾಡಿ ಮುದ್ರಿಸಿಕೊಟ್ಟವರು ಬ್ಲಿಕ್ಸಾ. ಕೈಲೀ ಬರದಿದ್ದ ಕಛೇರಿಗಳಲ್ಲಿ ಆ ಸಾಲುಗಳನ್ನು ಅವರೇ ಹಾಡುತ್ತಿದ್ದರು. (ಆ ಹಾಡಿನ ಕಥೆ ದೊಡ್ಡವರಿಗೆ ಸೇರಿದ್ದು, ಸದ್ಯಕ್ಕೆ ಬಿಡಿ.)

ಸ್ವಂತ ತಂಡದಲ್ಲೂ ದನಿ ಬದಲಾಗುತ್ತ ಹೋಯಿತು. 1985ರ ‘ಹಾಲ್ಬರ್ ಮೆನ್ಷ್’ ಆಲ್ಬಮ್ಮಿನ ಶೀರ್ಷಿಕೆ ಹಾಡಿನಲ್ಲಿ ಕಬ್ಬಿಣವೂ ಇಲ್ಲ, ಯಂತ್ರವೂ ಇಲ್ಲ. ಕಂಠಗಳ ಮೇಲೆ ಕಂಠಗಳು ಮಾತ್ರ. ಗೋಡೆ ಬಿದ್ದ ಮರುತಿಂಗಳು, 1989ರ ಡಿಸೆಂಬರ್‌ನಲ್ಲಿ, ಪೂರ್ವ ಬರ್ಲಿನ್ನಿನ ಎಲೆಕ್ಟ್ರೋಕೋಲೆ ಕಾರ್ಖಾನೆಯ ಸಭಾಂಗಣದಲ್ಲಿ ತಂಡದವರು ಕಾರ್ಯಕ್ರಮ ಕೊಟ್ಟರು. ಹುಟ್ಟಿದೂರಿನ ಇನ್ನರ್ಧ ಊರು ಅದು. ಪೂರ್ವ ಜರ್ಮನಿಯ ನಾಟಕಕಾರ ಹೈನರ್ ಮ್ಯುಲರ್ ಅವರ ‘ಹ್ಯಾಮ್ಲೆಟ್‌ಮಷೀನ್’ ರೇಡಿಯೋ ನಾಟಕವಾದಾಗ ಹ್ಯಾಮ್ಲೆಟ್ ಆಗಿ ಮಾತಾಡಿದವರೂ ಬ್ಲಿಕ್ಸಾ. 1996ರ ‘ಸ್ಟೆಲ್ಲಾ ಮಾರಿಸ್’ ಮೆರೆಟ್ ಬೆಕ್ಕರ್ ಜೊತೆ ಹಾಡಿದ ಮೆತ್ತನೆಯ ಯುಗಳಗೀತೆ. 2000ದ ಹೊತ್ತಿಗೆ ಮೌನವನ್ನೇ ವಾದ್ಯದಂತೆ ಬಳಸುವ ಹಾಡು ಬಂತು. ಡ್ರಿಲ್ಲಿಂಗ್ ಮಷೀನಿನಿಂದ ಹೊರಟವರು ಅಲ್ಲಿಗೆ ತಲುಪಿದ್ದರು.

2002ರಲ್ಲಿ ತಂಡದವರು ಕೇಳುಗರಿಂದಲೇ ನೇರವಾಗಿ ಚಂದಾ ಪಡೆದು, ಅಭ್ಯಾಸವನ್ನು ಅಂತರ್ಜಾಲದಲ್ಲಿ ತೋರಿಸುತ್ತ ಆಲ್ಬಮ್ ಮಾಡಲು ಶುರುಮಾಡಿದರು. ಇಂದು ಇದು ಸಾಮಾನ್ಯ, ಅಂದು ಹೊಸತು. 2004ರಲ್ಲಿ, ಕೆಡವಲು ಸಿದ್ಧವಾಗಿದ್ದ, ಪೂರ್ವ ಜರ್ಮನಿಯ ಕಾಲದ ಪಾಲಾಸ್ಟ್ ಡೇರ್ ರೆಪುಬ್ಲಿಕ್ ಕಟ್ಟಡದೊಳಗೆ ಹಾಡಿದರು. ಆ ಜಾಗದಲ್ಲಿ ಈಗ ಹುಂಬೋಲ್ಟ್ ಫೋರಂ ಇದೆ.

ಇಷ್ಟೆಲ್ಲದರಲ್ಲಿ ನನ್ನ ಮನಸ್ಸಿಗೆ ಅತಿ ಹತ್ತಿರವಾದದ್ದು 2014ರ ‘ಲಾಮೆಂಟ್’. ಒಂದನೇ ಮಹಾಯುದ್ಧಕ್ಕೆ ನೂರು ವರ್ಷವಾದಾಗ, ಆ ಯುದ್ಧದಲ್ಲಿ ನೆಲಸಮವಾಗಿದ್ದ ಬೆಲ್ಜಿಯಂನ ಡಿಕ್ಸ್‌ಮೌಡೆ ಊರಿನವರು ಒಂದು ಕೃತಿ ಮಾಡಿಕೊಡಿ ಎಂದು ಕೇಳಿಕೊಂಡರು. ಅದರಲ್ಲಿ ಯುದ್ಧದ ಲೆಕ್ಕವನ್ನೇ ತಾಳವಾಗಿಸಿದ ಒಂದು ಭಾಗವಿದೆ. ನೀರು ಹರಿಯಲು ಹಾಕುವ ಪ್ಲಾಸ್ಟಿಕ್ ಕೊಳವೆಗಳನ್ನು ಬೇರೆ ಬೇರೆ ಉದ್ದಕ್ಕೆ ಕತ್ತರಿಸಿ ಸಾಲಾಗಿ ಕಟ್ಟಿದ್ದಾರೆ. ಒಂದೊಂದು ದೇಶಕ್ಕೆ ಒಂದೊಂದು ಕೊಳವೆ. ಒಂದು ಬಡಿತ ಅಂದರೆ ಯುದ್ಧದ ಒಂದು ದಿನ. ಮೊದಲು ಒಂದೆರಡು ಕೊಳವೆಗಳಷ್ಟೇ ಮಿಡಿಯುತ್ತವೆ. ಇನ್ನೊಂದು ದೇಶ ಯುದ್ಧಕ್ಕಿಳಿಯಿತು, ಅದರ ಕೊಳವೆಯೂ ಸೇರಿತು. ಹೆಂಗಸರ ದನಿ ಹೆಸರುಗಳನ್ನು ಶಾಂತವಾಗಿ ಓದುತ್ತ ಹೋಗುತ್ತದೆ. ನಾಲ್ಕು ಬಡಿತದ ಒಂದು ಆವರ್ತನ, ಅಂಥ 392 ಆವರ್ತನ. ಗುಣಿಸಿ ನೋಡಿ: 1568. ಆಸ್ಟ್ರಿಯಾ ಯುದ್ಧ ಸಾರಿದ 1914ರ ಜುಲೈ 28ರಿಂದ ಫಿರಂಗಿಗಳು ಸುಮ್ಮನಾದ 1918ರ ನವೆಂಬರ್ 11ರವರೆಗೆ ಅಷ್ಟೇ ದಿನಗಳು. ನಿಮಿಷಕ್ಕೆ 120 ಬಡಿತದಂತೆ ಇಡೀ ಯುದ್ಧ ಹದಿಮೂರು ನಿಮಿಷಗಳಲ್ಲಿ ಮುಗಿಯುತ್ತದೆ. ಯಾರೂ ಚೀರುವುದಿಲ್ಲ. ದೇಶಗಳು ಒಂದರ ಹಿಂದೆ ಒಂದು ಸೇರುತ್ತ ಹೋಗುವುದನ್ನು ಕೇಳುತ್ತ ಕೂತರೆ ಹೊಟ್ಟೆಯೊಳಗೆ ಸಂಕಟವಾಗುತ್ತದೆ.

ನೀವು ಕನ್ನಡದ ಮಕ್ಕಳು ಅದರಲ್ಲಿ ಒಂದು ಬಡಿತವನ್ನು ವಿಶೇಷವಾಗಿ ಎಣಿಸಬಹುದು. 1918ರ ಸೆಪ್ಟೆಂಬರ್ 23ರಂದು ಮೈಸೂರು ಸಂಸ್ಥಾನದ ಅಶ್ವದಳ, ಜೋಧಪುರದ ಅಶ್ವದಳದೊಂದಿಗೆ ಸೇರಿ, ಈಗ ಇಸ್ರೇಲಿನಲ್ಲಿರುವ ಹೈಫಾ ಪಟ್ಟಣವನ್ನು ಗೆದ್ದುಕೊಂಡಿತು. ದೆಹಲಿಯ ತೀನ್ ಮೂರ್ತಿ ವೃತ್ತದ ಮೂವರು ಯೋಧರ ಪ್ರತಿಮೆಗಳು ಮೈಸೂರು, ಜೋಧಪುರ, ಹೈದರಾಬಾದಿನ ಅಶ್ವದಳಗಳ ನೆನಪಿಗೆ ನಿಂತಿವೆ. ದಿನ ಎಣಿಸುತ್ತ ಬಂದರೆ ಅದು 1519ನೆಯ ಬಡಿತ. ಅಲ್ಲಿಂದ ಯುದ್ಧ ಮುಗಿಯಲು ಐವತ್ತು ದಿನವೂ ಇರಲಿಲ್ಲ.

ಅದೇ ಕೃತಿಯ ಇನ್ನೊಂದು ಭಾಗದಲ್ಲಿ ಯುದ್ಧಕೈದಿಗಳ ದನಿ ಬರುತ್ತದೆ. 1915ರಿಂದ 1918ರವರೆಗೆ ಜರ್ಮನಿಯ ಭಾಷಾವಿದ್ವಾಂಸರು ಸೆರೆಶಿಬಿರಗಳಿಗೆ ಧ್ವನಿಮುದ್ರಣ ಯಂತ್ರ ಹೊತ್ತೊಯ್ದು, ನೂರಾರು ಭಾಷೆಗಳಲ್ಲಿ ಕೈದಿಗಳಿಂದ ಮಾತಾಡಿಸಿ, ಹಾಡಿಸಿ ಮುದ್ರಿಸಿಕೊಂಡರು. ಬರ್ಲಿನ್ನಿನ ದಕ್ಷಿಣಕ್ಕಿರುವ ವ್ಯುನ್ಸ್‌ಡೋರ್ಫ್ ಶಿಬಿರದಲ್ಲಿ ಭಾರತದ ಸೈನಿಕರೂ ಇದ್ದರು, ಅವರ ದನಿಗಳೂ ಉಳಿದಿವೆ. ಈ ಸಂಗ್ರಹ ಹುಂಬೋಲ್ಟ್ ವಿಶ್ವವಿದ್ಯಾಲಯದ್ದು. ಅನೇಕ ಕೈದಿಗಳಿಗೆ ಹೇಳಲು ಕೊಟ್ಟದ್ದು ಬೈಬಲ್ಲಿನ ತಪ್ಪಿಹೋದ ಮಗನ ಕಥೆ: ಮನೆ ಬಿಟ್ಟು ಹೋದ ಮಗ ಎಲ್ಲ ಕಳೆದುಕೊಂಡು ಮರಳಿ ಬಂದಾಗ ಅಪ್ಪ ಓಡಿಹೋಗಿ ಅಪ್ಪಿಕೊಳ್ಳುತ್ತಾನೆ. ಭಾಷೆ ಭಾಷೆಗಳನ್ನು ಹೋಲಿಸಲು ವಿದ್ವಾಂಸರಿಗೆ ಅನುಕೂಲವಾದ ಕಥೆ ಅದು. ಭಾರತದಲ್ಲಿ ಗ್ರಿಯರ್ಸನ್ ನಡೆಸಿದ ಭಾಷಾ ಸಮೀಕ್ಷೆಯ ದ್ರಾವಿಡ ಸಂಪುಟದಲ್ಲೂ ಇದೇ ಕಥೆ ಕನ್ನಡದಲ್ಲಿ ಅಚ್ಚಾಗಿದೆ. ಆದರೆ ಮನೆಗೆ ಹೋಗುವ ದಾರಿ ಕಾಣದ ಸೈನಿಕರ ಬಾಯಲ್ಲಿ ಮನೆಗೆ ಮರಳಿದವನ ಕಥೆ ಹೇಳಿಸಿದ್ದರಲ್ಲ, ಆ ವೇದನೆಯನ್ನು ಬ್ಲಿಕ್ಸಾ ಮತ್ತು ಸಂಗಡಿಗರು ಕೇಳಿಸಿಕೊಂಡರು. ಹದಿನಾರನೇ ಶತಮಾನದ ಕ್ಲೆಮೆನ್ಸ್ ನಾನ್ ಪಾಪಾ ಇದೇ ಕಥೆಗೆ ಮಾಡಿದ್ದ ವೃಂದಗಾನವನ್ನು ನಿಧಾನಗೊಳಿಸಿ ಹಿನ್ನೆಲೆಗಿಟ್ಟು, ಕೈದಿಗಳ ಕರಕರ ಎನ್ನುವ ದನಿಗಳನ್ನು ಅದರೊಳಗೆ ಬಿಟ್ಟರು. ಗಾಯಕರಾಗಿ ಬ್ಲಿಕ್ಸಾ ಅಲ್ಲಿ ತಮ್ಮ ದನಿಯನ್ನು ಹಿಂದಕ್ಕೆ ಸರಿಸಿದ್ದಾರೆ. ಆ ಸಂಯಮವನ್ನು ನಾನು ಅವರ ದೊಡ್ಡ ಸಾಧನೆಗಳಲ್ಲಿ ಎಣಿಸುತ್ತೇನೆ.

2020ರಲ್ಲಿ ‘ಆಲೆಸ್ ಇನ್ ಆಲೆಮ್’, 2024ರಲ್ಲಿ ‘ರಾಂಪೆನ್’ ಬಂದವು. 2020ರ ಆಲ್ಬಮ್ಮಿನ ಒಂದು ಹಾಡಿನಲ್ಲಿ ತಾಳ ಹಾಕಿರುವುದು ಚೌಕಳಿ ಪ್ಲಾಸ್ಟಿಕ್ ಬ್ಯಾಗುಗಳ ಮೇಲೆ. ಊರಿಗೆ ಹೋಗುವಾಗ ನಮ್ಮ ಮನೆಗಳಲ್ಲೂ ಬಟ್ಟೆ ತುರುಕುವ, ಜಿಪ್ ಇರುವ ಅವೇ ದೊಡ್ಡ ಬ್ಯಾಗು.

ಕೇಳಲು ಹೊರಟವರು ‘ಕೊಲಾಪ್ಸ್’ನಿಂದ ಶುರುಮಾಡಬೇಡಿ. ಮೊದಲು ‘ಸ್ಟೆಲ್ಲಾ ಮಾರಿಸ್’, ಆಮೇಲೆ ಬ್ಯಾಗಿನ ಹಾಡು ‘ಟಾಷೆನ್’, ಆಮೇಲೆ ‘ಲಾಮೆಂಟ್’ನ ಕೊಳವೆಗಳ ಭಾಗ. ಹನ್ನೆರಡು ದಾಟಿದವರು ಅದನ್ನು ಅಪ್ಪ ಅಮ್ಮನ ಜೊತೆ ಕೂತು ಕೇಳಿ, ಇತಿಹಾಸದ ಪುಸ್ತಕ ಪಕ್ಕದಲ್ಲಿರಲಿ. ಚೀರುವ ಹಾಡುಗಳಿಗೆ ಇನ್ನೂ ಸಮಯವಿದೆ. ಅವನ್ನು ಕೇಳುವ ದಿನ ಬಂದಾಗಲೂ ಹೆಡ್‌ಫೋನಿನ ಸದ್ದು ತಗ್ಗಿಸಿಯೇ ಇರಲಿ.